ಅಳಿಯನ ಕೈಯಲ್ಲಿ ಕಳಿಸಿದ ನಾಲ್ಕು ಕೋಳಿ

ಆ ಸೋಮವಾರ ನಾನು ಮಾಡಿದ ಕೆಲಸ ಇಷ್ಟು. ಐದಕ್ಕೆ ಎದ್ದು ಒಲೆ ಹೊತ್ತಿಸಿದೆ. ಎಮ್ಮೆ ಹಿಂಡಿದೆ. ಹೊಲಕ್ಕೆ ಬಂದು ಶೆಡ್ಡಿನ ಚೀಲದ ಪರದೆ ಎತ್ತಿ ಕಟ್ಟಿದೆ. ಹದಿನಾಲ್ಕು ನೀರಿನ ತಟ್ಟೆಗಳನ್ನು ಬೂದಿ ಹಚ್ಚಿ ತಿಕ್ಕಿದೆ. ಒದ್ದೆಯಾದ ಭತ್ತದ ಹೊಟ್ಟು ಬಾಚಿ ತೆಗೆದು ಒಣ ಹೊಟ್ಟು ಹರಡಿದೆ. ಮೇವು ಹಾಕಿದೆ. ತೊಂಬತ್ತೆರಡು ಮೊಟ್ಟೆ ಆರಿಸಿದೆ. ಮನೆಗೆ ಹೋಗಿ ಹನ್ನೆರಡು ರೊಟ್ಟಿ ಬಡಿದೆ, ಅಳಿಯ ಬರುವವನಿದ್ದನೆಂದು ಎಣಗಾಯಿ ಮಾಡಿದೆ. ಬಸುರಿ ಮಗಳ ಕುಬಸದ ಶಾಸ್ತ್ರಕ್ಕೆ ತಂದ ಹಸಿರು ಸೀರೆಗೆ ಫಾಲ್ ಹಚ್ಚಿದೆ. ಇಷ್ಟರ ನಡುವೆ ಶೆಡ್ಡಿನಲ್ಲಿ ಒಂದು ಕೋಳಿ ಸೀನಿದ್ದನ್ನು ಕೇಳಿಸಿಕೊಂಡೆ. ಗೋಡೆಯ ಕ್ಯಾಲೆಂಡರಿನಲ್ಲಿ ಮೊಟ್ಟೆಯ ಲೆಕ್ಕ ಬರೆದೆ, ಸೀನಿದ್ದನ್ನು ಬರೆಯಲಿಲ್ಲ.

ನಮ್ಮ ಶೆಡ್ಡು ತುರ್ವಿಹಾಳದ ಹೊರಗೆ, ಕಾಲುವೆಯ ಕೆಳಗಿನ ಹೊಲದ ಮೂಲೆಯಲ್ಲಿದೆ. ಆಗ ಅದರಲ್ಲಿ ನೂರೆಂಬತ್ತು ಜವಾರಿ ಕೋಳಿಗಳಿದ್ದವು. ಪಕ್ಕದ ಹೊಲದಲ್ಲಿ ಭತ್ತ ಕೊಯ್ಯುವ ಮಷಿನ್ ಎರಡು ದಿನದಿಂದ ಓಡುತ್ತಿತ್ತು. ಧೂಳು ಹೇಗಿತ್ತೆಂದರೆ ತೊಳೆದ ತಟ್ಟೆ ಅರ್ಧ ಗಂಟೆಯಲ್ಲಿ ಹಳದಿಯಾಗುತ್ತಿತ್ತು. ಯಜಮಾನರು ಬೆಳಗಿನಿಂದ ಸೀನುತ್ತಿದ್ದರು, ನನ್ನ ಮೂಗೂ ಕಟ್ಟಿತ್ತು. ಕೋಳಿಯೂ ಅದಕ್ಕೇ ಸೀನಿತೆಂದುಕೊಂಡೆ. ಕೊಯ್ಲಿನ ಕಾಲದಲ್ಲಿ ನಮ್ಮ ಕಡೆ ಯಾವ ಕೋಳಿ ಸೀನಿದರೂ ಎಲ್ಲರೂ ಹೇಳುವುದು ಅದೊಂದೇ ಕಾರಣ.

ಮಧ್ಯಾಹ್ನ ಅಳಿಯ ಬಂದ. ಅವನ ಮನೆ ಲಿಂಗಸುಗೂರಿನ ಹತ್ತಿರದ ಹಳ್ಳಿ, ಮಸ್ಕಿಯ ಮೇಲಿಂದ ಬೈಕಿನಲ್ಲಿ ಬಂದಿದ್ದ. ಕುಬಸ ಬರುವ ಭಾನುವಾರ ಅವರ ಮನೆಯಲ್ಲೇ ಎಂದು ನಿಶ್ಚಯವಾಗಿತ್ತು. ಊಟ ಮಾಡುತ್ತ ಮೆಲ್ಲಗೆ ಹೇಳಿದ.

"ಅತ್ತಿ, ನಮ್ಮವ್ವ ಒಂದು ಮಾತು ಕೇಳ್ಯಾಳ. ನಮ್ಮ ಹುಂಜ ಚಲೋ ಐತಿ, ಹ್ಯಾಟೆ ಕೋಳಿ ಕಮ್ಮಿ ಅದಾವ. ನಿಮ್ಮವು ನಾಕು ಕೊಟ್ರ ತನ್ನವುರಾಗ ಬಿಡ್ತಾಳಂತ."

ಬೀಗತಿ ಬಾಯಿ ಬಿಟ್ಟು ಕೇಳಿದ್ದು ಅದೇ ಮೊದಲು. ಅದೂ ಕುಬಸಕ್ಕೆ ಐದಾರು ದಿನ ಇರುವಾಗ. ಅಳಿಯನನ್ನು ಬರಿಗೈಯಲ್ಲಿ ಕಳಿಸುವ ರೂಢಿ ನಮ್ಮಲ್ಲಿಲ್ಲ, ಬಸುರಿ ಮಗಳಿರುವ ಮನೆಗಂತೂ ಇಲ್ಲವೇ ಇಲ್ಲ. ನಾನು ಶೆಡ್ಡಿಗೆ ಹೋಗಿ ಒಂದೊಂದನ್ನೇ ಎತ್ತಿ ತೂಕ ನೋಡಿ, ಜುಟ್ಟಿನ ಕೆಂಪು ನೋಡಿ, ನಾಲ್ಕನ್ನು ಆರಿಸಿದೆ.

"ಆರಿಸಿ ಆರಿಸಿ ಚಲೋವ ಕೊಡಾಕತ್ತಿ," ಎಂದರು ಯಜಮಾನರು ಬಾಗಿಲಲ್ಲಿ ನಿಂತು. "ಮಗಳಿಗೆ ವರ ನೋಡುವಾಗೂ ಇಷ್ಟು ಆರಿಸಿದ್ದಿಲ್ಲ."

"ಹಂಗಾರ ನಾ ಆರಿಸದ ಬಂದಾಂವೇನ್ರಿ ಮಾವ?" ಎಂದ ಅಳಿಯ.

ನಗುತ್ತಲೇ ನಾಲ್ಕನ್ನೂ ಬುಟ್ಟಿಯಲ್ಲಿ ಹಾಕಿ ಮೇಲೆ ಬಟ್ಟೆ ಕಟ್ಟಿ ಬೈಕಿಗೆ ಬಿಗಿದುಕೊಟ್ಟೆ.

ಮರುದಿನ ಬೆಳಕು ಹರಿಯುವ ಮುಂಚೆ ಶೆಡ್ಡಿಗೆ ಹೋದೆ. ಬ್ಯಾಟರಿ ಹಾಕದೆ ಒಳಗೆ ಸ್ವಲ್ಪ ಹೊತ್ತು ಸುಮ್ಮನೆ ನಿಲ್ಲುವುದು ನನ್ನ ಅಭ್ಯಾಸ. ಕೋಳಿಗಳು ಇನ್ನೂ ಇಳಿದಿರುವುದಿಲ್ಲ, ಕೂಗಾಟವಿರುವುದಿಲ್ಲ, ಆಗ ಅವುಗಳ ಉಸಿರು ಕೇಳುತ್ತದೆ. ಒಳ್ಳೆಯ ದಿನ ಕೇಳುವುದು ಕಾಲು ಬದಲಿಸುವ ಸದ್ದು, ರೆಕ್ಕೆ ಕೊಡವುವ ಸದ್ದು ಅಷ್ಟೇ. ಅವತ್ತು ಎಡಮೂಲೆಯಲ್ಲಿ ಸೀನು, ನಡುವೆ ಸೀನು, ಗೋಡೆಯ ಕಡೆಯಿಂದ ಗೊರ ಗೊರ ಎನ್ನುವ ಸದ್ದು. ಹದಿನೇಳರ ತನಕ ಎಣಿಸಿ ಬಿಟ್ಟೆ. ಮಷಿನ್ ಹಿಂದಿನ ಸಂಜೆಯೇ ಬೇರೆ ಹೊಲಕ್ಕೆ ಹೋಗಿತ್ತು. ರಾತ್ರಿ ಇಬ್ಬನಿ ಬಿದ್ದು ಧೂಳೆಲ್ಲ ಕೂತಿತ್ತು.

ಬೆಳಕಾದ ಮೇಲೆ ನೋಡಿದರೆ ಒಂದು ಕೋಳಿಯ ಎಡಗೆನ್ನೆ ಉಬ್ಬಿ ಕಣ್ಣು ಮುಚ್ಚಿತ್ತು. ಮೂಗಿನ ತೂತಿಗೆ ಮೇವಿನ ಹಿಟ್ಟು ಅಂಟಿಕೊಂಡಿತ್ತು. ಮೂಗು ಒಣಗಿದ್ದರೆ ಹಿಟ್ಟು ಅಂಟುವುದಿಲ್ಲ. ಹಾಗೆ ಅಂಟಿದವು ಇನ್ನೂ ಆರು ಸಿಕ್ಕವು.

ಆಗಲೇ ಡಾಕ್ಟರಿಗೆ ಫೋನ್ ಮಾಡಬೇಕಿತ್ತು. ನಾನು ಮಾಡಿದ್ದು ಲೋಬಾನದ ಹೊಗೆ. ನಮ್ಮಲ್ಲಿ ಅಮಾವಾಸ್ಯೆಗೆ ಮನೆಗೆ ಹಾಕುತ್ತೇವೆ, ಟ್ರ್ಯಾಕ್ಟರಿಗೂ ಹಾಕುತ್ತೇವೆ. ಮಕ್ಕಳಿಗೆ ನೆಗಡಿಯಾದರೆ ತೊಟ್ಟಿಲ ಕೆಳಗೂ ಹಿಡಿಯುತ್ತೇವೆ. ಪರದೆ ಇಳಿಸಿ ಕೆಂಡದ ಮೇಲೆ ಲೋಬಾನ ಚೆಲ್ಲಿ ಶೆಡ್ಡಿನ ತುಂಬ ಓಡಾಡಿದೆ. ಕೋಳಿಗಳು ಒಂದು ಮೂಲೆಗೆ ಒತ್ತಿಕೊಂಡು ಒಂದರ ಮೇಲೊಂದು ಹತ್ತಿ ಬಾಯಿ ತೆರೆದು ಉಸಿರೆಳೆಯತೊಡಗಿದವು. ನಾನು ಕೆಂಡ ಹೊರಗೆಸೆದು ಪರದೆ ಹರಿದು ಎತ್ತಿದೆ. ಅವು ಬಿಡಿಸಿಕೊಳ್ಳುವಷ್ಟರಲ್ಲಿ ಕೆಳಗೆ ಸಿಕ್ಕಿದ ಎರಡು ಸತ್ತಿದ್ದವು. ಆ ಎರಡನ್ನು ಬೇನೆ ಕೊಲ್ಲಲಿಲ್ಲ, ನಾನು ಕೊಂದೆ.

ಬುಧವಾರ ಮೊಟ್ಟೆ ಐವತ್ತನಾಲ್ಕಕ್ಕೆ ಇಳಿಯಿತು. ಮುಖ ಊದಿದವು ಇಪ್ಪತ್ತಮೂರು. ಶೆಡ್ಡಿನ ಬಾಗಿಲು ತೆರೆದರೆ ಕೊಳೆತ ವಾಸನೆ. ಅದು ಹಿಕ್ಕೆಯ ವಾಸನೆಯಲ್ಲ, ಒಂದು ಕೋಳಿಯನ್ನು ಎತ್ತಿ ಮೂಸಿದರೆ ಅದರ ಮೂಗಿನಿಂದಲೇ ಬರುತ್ತಿತ್ತು. ಆಗ ಫೋನ್ ಮಾಡಿದೆ. ಪಶು ಆಸ್ಪತ್ರೆಯ ಡಾಕ್ಟರ್ ಮೇಡಂ ಮಧ್ಯಾಹ್ನ ಬಂದರು. ಗಾಡಿಯನ್ನು ರಸ್ತೆಯಲ್ಲೇ ಬಿಟ್ಟು, ಕಾಲಿಗೆ ಪ್ಲಾಸ್ಟಿಕ್ ಚೀಲ ಕಟ್ಟಿಕೊಂಡು, ಬಾಯಿಗೆ ಮಾಸ್ಕ್ ಹಾಕಿಕೊಂಡು ಒಳಗೆ ಬಂದರು.

"ಕುತ್ತಿಗಿ ತಿರುವಿಕೊಂಡವು ಅವ ಏನ್ರಿ ಅಕ್ಕಾರ?"

"ಇಲ್ರಿ ಮೇಡಂ."

"ಹಸಿರು ಹಿಕ್ಕಿ? ಸಂಜಿಕ ಚಲೋ ಇದ್ದು ಮುಂಜಾನಿಗೆ ಹತ್ತಿಪ್ಪತ್ತು ಸತ್ತಿದ್ದು?"

"ಅದೂ ಇಲ್ರಿ. ಸತ್ತಿದ್ದು ಎರಡು. ಅವೂ ನನ್ನ ಲೋಬಾನಕ್ಕ."

ಅವರು ಒಂದು ಕೋಳಿಯನ್ನು ಕಂಕುಳಲ್ಲಿ ಹಿಡಿದು ಕಣ್ಣಿನ ಕೆಳಗಿನ ಬಾವನ್ನು ಮೆಲ್ಲಗೆ ಒತ್ತಿದಾಗ ಮೂಗಿನಿಂದ ಅಂಟು ಇಳಿಯಿತು. ನಾಲ್ಕೈದು ಕೋಳಿಗಳಿಂದ ಹತ್ತಿ ಕಡ್ಡಿಯಲ್ಲಿ ಅಂಟು ತೆಗೆದು ಸೀಸೆಯಲ್ಲಿ ಇಟ್ಟುಕೊಂಡರು.

"ಇದು ಕೊರೈಜಾ ಇದ್ದಂಗ ಕಾಣ್ತದ. ಕೋಳಿ ನೆಗಡಿ ಅನ್ನೋಣ. ಲ್ಯಾಬಿನಾಗ ನೋಡಿದ ಮ್ಯಾಲೆ ಪಕ್ಕಾ. ಆದ್ರ ಅಲ್ಲೀತನಾ ಕೂಡೋದು ಬ್ಯಾಡ, ನೀರಿನಾಗ ಔಷಧ ಶುರು ಮಾಡ್ರಿ. ಮೊಟ್ಟಿ ತಿನ್ನಬ್ಯಾಡ್ರಿ, ಕೊಡಬ್ಯಾಡ್ರಿ, ಕುಣಿ ತೋಡಿ ಮುಚ್ರಿ." ಆಮೇಲೆ ಪೆನ್ನು ತೆಗೆದು ಕೇಳಿದರು. "ಈ ಒಂದು ವಾರದಾಗ ಶೆಡ್ಡಿನಿಂದ ಕೋಳಿ ಏನಾರ ಹೊರಗ ಹೋಗ್ಯಾವೇನ್ರಿ?"

ಯಜಮಾನರು ಬೇಲಿಯ ಆಚೆ ನಿಂತಿದ್ದರು. ನನ್ನ ಕಣ್ಣಿಗೆ ಬೀಗರ ಮನೆಯ ಅಂಗಳ ಬಂತು, ಹಸಿರು ಸೀರೆ ಉಟ್ಟು ಕೂಡಬೇಕಾದ ಮಗಳು ಬಂದಳು.

"ಇಲ್ರಿ ಮೇಡಂ. ಒಂದೂ ಹೋಗಿಲ್ಲ," ಎಂದೆ.

ಅವರು ಬರೆದುಕೊಂಡರು.

ಹೋಗುವಾಗ ಹೇಳಿದರು, "ನಿಮ್ಮ ಕೈ, ನಿಮ್ಮ ಸೀರಿ, ನಿಮ್ಮ ಚಪ್ಪಲ್, ಇವು ಈ ಬ್ಯಾನಿಗೆ ಬಸ್ಸು ಇದ್ದಂಗ. ಟಿಕೀಟು ಇಲ್ಲದ ಹೋಗಿ ಬಿಡ್ತದ. ಊರಾಗ ಹೋಗೋದಿದ್ರ ಪ್ರತಿ ಸಲ ಜಳಕ ಮಾಡಿ, ಬಟ್ಟಿ ಬದಲಿ ಮಾಡಿ ಹೋಗ್ರಿ. ಕೋಳಿ ಇದ್ದವರ ಮನಿಗಿ ಸದ್ಯಕ್ಕ ಹೋಗಲೇಬ್ಯಾಡ್ರಿ."

ನಮ್ಮ ಓಣಿಯಲ್ಲಿ ಕೋಳಿ ಇಲ್ಲದ ಮನೆಯೇ ಇಲ್ಲ. ನಾನು ಬಾಗಿಲು ದಾಟಿದರೆ ಕಾಲಲ್ಲಿ ಯಾರದೋ ಮರಿ ಸಿಗುತ್ತದೆ. ಅದಕ್ಕೆ ಶೆಡ್ಡಿಗೆ ಹೊಂದಿದ ಮೇವಿನ ಕೋಣೆಯಲ್ಲೇ ಉಳಿದೆ. ಚೀಲಗಳನ್ನು ಒಂದು ಕಡೆ ಪೇರಿಸಿದರೆ ಕಾಲು ಮಡಚಿ ಮಲಗುವಷ್ಟು ಜಾಗ. ಯಜಮಾನರು ಒಳಗೆ ಬರಕೂಡದು, ಎಮ್ಮೆಯನ್ನೂ ಮನೆಯನ್ನೂ ಅವರೇ ನೋಡಬೇಕು. ದಿನಕ್ಕೆ ಎರಡು ಸಲ ಬುತ್ತಿ ತಂದು ಬೇಲಿಯ ಹೊರಗಿನ ಕಲ್ಲಿನ ಮೇಲಿಟ್ಟು ಹಿಂದೆ ಸರಿಯುತ್ತಿದ್ದರು. ಆಮೇಲೆ ನಾನು ಹೋಗಿ ತೆಗೆದುಕೊಳ್ಳುತ್ತಿದ್ದೆ. ಬಾಗಿಲಲ್ಲಿ ಕೆಂಪು ಔಷಧ ಕರಗಿಸಿದ ನೀರಿನ ಟಬ್ಬು, ಸುತ್ತ ಸುಣ್ಣದ ಗೆರೆ. ಸಿಂಧನೂರಿನ ಬಸ್ಸು ದಿನಕ್ಕೆ ಎಷ್ಟು ಸಲ ಹೋಗುತ್ತದೆಂದು ಈ ಶೆಡ್ಡು ಕಟ್ಟಿದ ಹದಿನೆಂಟು ವರ್ಷದಲ್ಲಿ ಗೊತ್ತಿರಲಿಲ್ಲ, ಆ ವಾರ ಗೊತ್ತಾಯಿತು.

ಊದಿದ ಕೋಳಿಗಳನ್ನು ಬಲೆ ಕಟ್ಟಿ ಒಂದು ಕಡೆ ಮಾಡಿದೆ. ಮೊದಲು ಚೆನ್ನಾಗಿದ್ದವುಗಳ ಕೆಲಸ, ಕಡೆಗೆ ರೋಗದವುಗಳ ಕೆಲಸ, ಮಧ್ಯೆ ತಿರುಗಿ ಹೋಗುವಂತಿಲ್ಲ. ಎರಡಕ್ಕೂ ಬೇರೆ ಬೇರೆ ತಟ್ಟೆ. ಮೂಗು ಕಟ್ಟಿದವಕ್ಕೆ ಬಿಸಿನೀರಲ್ಲಿ ಅದ್ದಿದ ಬಟ್ಟೆಯಿಂದ ಒರೆಸುವುದು, ಆ ಬಟ್ಟೆ ಸುಡುವುದು. ಇದೆಲ್ಲ ಮಾಡುತ್ತಿದ್ದರೂ ಗುರುವಾರ ಬೆಳಿಗ್ಗೆ ಊದಿದವು ಮೂವತ್ತೊಂದು. ಔಷಧದ ನೀರು ತಟ್ಟೆಯಲ್ಲಿ ಹಾಗೇ ಉಳಿದಿತ್ತು. ರೋಗಕ್ಕೆ ನೀರು ಸೇರುತ್ತಿಲ್ಲವೆಂದುಕೊಂಡೆ. ಒಂದು ಗಂಟೆ ಹೊಟ್ಟಿನ ಮೇಲೆ ಕೂತು ನೋಡಿದ ಮೇಲೆ ಕಾರಣ ಸಿಕ್ಕಿತು. ಹಿಂದಿನ ಗೋಡೆಯ ಪೈಪು ಸೋರಿ, ಮೂಲೆಯಲ್ಲಿ ಬಲೆಯ ಅಡಿಗೆ, ಎರಡೂ ಕಡೆಯವಕ್ಕೆ ಸಿಗುವಂತೆ, ಅಂಗೈ ಅಗಲದ ಗುಂಡಿಯಲ್ಲಿ ನೀರು ನಿಂತಿತ್ತು. ಕಹಿ ನೀರು ಬಿಟ್ಟು ಎಲ್ಲವೂ ಸರದಿಯಲ್ಲಿ ಅಲ್ಲಿಗೇ ಹೋಗುತ್ತಿದ್ದವು. ರೋಗದ ಮೂಗನ್ನು ಅದೇ ಗುಂಡಿಗೆ ಅದ್ದುತ್ತಿದ್ದವು, ಚೆನ್ನಾಗಿದ್ದವೂ ಅಲ್ಲೇ ಕುಡಿಯುತ್ತಿದ್ದವು. ಪೈಪಿಗೆ ಸೈಕಲ್ ಟ್ಯೂಬು ಸುತ್ತಿ, ಗುಂಡಿಗೆ ಸುಣ್ಣ ಸುರಿದು ಮುಚ್ಚಿದೆ. ಮಧ್ಯಾಹ್ನದ ಹೊತ್ತಿಗೆ ತಟ್ಟೆಗಳು ಖಾಲಿಯಾದವು.

ಕೆಲಸ ಇರುವಷ್ಟು ಹೊತ್ತು ಪರವಾಗಿರಲಿಲ್ಲ. ಕೈ ಖಾಲಿಯಾದರೆ ಆ ನಾಲ್ಕು ಕೋಳಿಗಳು ಕಣ್ಣ ಮುಂದೆ ಬರುತ್ತಿದ್ದವು. ಎದ್ದು ಓಡಾಡಲು ಜಾಗವಿರಲಿಲ್ಲ. ಬುತ್ತಿ ತಂದಾಗ ಯಜಮಾನರಿಗೆ ಹೇಳಿದೆ, "ನಾ ಬೀಗರಿಗೆ ಹೇಳಬೇಕ್ರಿ."

"ಏನಂತ ಹೇಳ್ತಿ? ಬ್ಯಾನಿ ಕೋಳಿ ಕಳಿಸೀನಿ ಅಂತ?" ಬೇಲಿಯ ತಂತಿ ಹಿಡಿದು ನಿಂತರು. "ಭಾನುವಾರ ಮುಗೀಲಿ. ಆಮ್ಯಾಲ ಅವಕ್ಕೇನರ ಆದ್ರ ಅವರ ಊರಾಗೂ ಮಷಿನ್ ಓಡಾಕತ್ತಾವ, ಧೂಳು ಅಂತಾರ. ನೀ ಈಗ ಹೇಳಿದ್ರ ಹುಡುಗಿ ಆ ಮನ್ಯಾಗ ತಲಿ ಎತ್ತಂಗಿಲ್ಲ."

ಅವರು ಹೇಳಿದ್ದು ಸುಳ್ಳಲ್ಲ. ನಾನೂ ಅದನ್ನೇ ಎಣಿಸಿ ಮೇಡಂಗೆ ಸುಳ್ಳು ಹೇಳಿದ್ದೆ. ರೊಟ್ಟಿ ಮುರಿದೆ, ತಿನ್ನಲಾಗಲಿಲ್ಲ.

ಮೂರರ ಸುಮಾರಿಗೆ ಮಗಳ ಫೋನ್ ಬಂತು. ಬಳೆಗಾರ ಯಾವಾಗ ಬರುತ್ತಾನೆ, ಯಾರ್ಯಾರು ಬರುತ್ತಾರೆ ಎಲ್ಲ ಹೇಳಿ ಕಡೆಗೆ ಅಂದಳು.

"ಅವ್ವಾ, ನೀ ಕಳಿಸಿದ ಕೋಳ್ಯಾಗ ಒಂದು ಸೀನಾಕತ್ತೈತಿ. ಅತ್ತಿ ಅಂದ್ಲು, ಊರು ಬದಲಾಗೈತಿ, ಹೊಸ ನೀರು, ಹೊಂದಿಲ್ಲ ಪಾಪ ಅಂತ. ಬೆಲ್ಲದ ನೀರು ಕುಡಿಸ್ಯಾಳ. ನನಗಿಂತ ಅವುಕ್ಕ ಜ್ವಾಪಾನ ಜಾಸ್ತಿ ಆಗೈತಿ ಈ ಮನ್ಯಾಗ."

ನಗುತ್ತಿದ್ದಳು. ನನ್ನ ತಪ್ಪಿಗೆ ನಾನು ಹುಡುಕಬೇಕಾದ ನೆಪವನ್ನು ಬೀಗತಿಯೇ ಹುಡುಕಿ ಕೊಟ್ಟಿದ್ದರು. ಹೂಂ ಎಂದು ಫೋನ್ ಇಟ್ಟರೆ ಮುಗಿಯುತ್ತಿತ್ತು. ಬಲೆಯ ಆಚೆ ಒಂದು ಕೋಳಿ ಎರಡೂ ಕಣ್ಣು ಮುಚ್ಚಿ, ತಟ್ಟೆ ಎಲ್ಲಿದೆಯೆಂದು ತಿಳಿಯದೆ ಕೊಕ್ಕಿನಿಂದ ನೆಲ ತಡಕುತ್ತಿತ್ತು.

"ಅತ್ತಿ ಕೈಯಾಗ ಕೊಡು," ಎಂದೆ.

ಬೀಗತಿಗೆ ನನಗಿಂತ ಹತ್ತು ವರ್ಷ ಹೆಚ್ಚು. ಗಂಡ ತೀರಿ ಬಹಳ ವರ್ಷವಾಗಿದೆ. ಹೊಲ, ಮನೆ ಎಲ್ಲ ಮಗನ ಕೈಯಲ್ಲಿದೆ.

"ಅಕ್ಕಾರ, ನಾ ಹೇಳೋದು ಪೂರಾ ಕೇಳ್ರಿ. ಅದು ನೀರು ಹೊಂದದ್ದಕ್ಕಲ್ಲ. ನನ್ನ ಶೆಡ್ಡಿನ್ಯಾಗ ಬ್ಯಾನಿ ಬಿದ್ದೈತಿ. ಕಳಿಸಿದ ದಿನಾನ ಒಂದು ಸೀನಿತ್ತು. ನಾ ಕೇಳೀನಿ. ಕೇಳಿನೂ ಕಳಿಸೀನಿ."

ಅವರ ಹಿಂದೆ ಪಾತ್ರೆ ತೊಳೆಯುವ ಸದ್ದು ಬರುತ್ತಿತ್ತು.

"ಗೊತ್ತಿದ್ದು ಕಳಿಸೀರಿ?"

"ಧೂಳಿಗೆ ಅಂತ ತಿಳಕೊಂಡೆ. ಬ್ಯಾನಿ ಅಂತ ಗೊತ್ತಿದ್ದಿಲ್ಲ. ಆದ್ರ ಎರಡು ದಿನದಿಂದ ಗೊತ್ತೈತಿ, ಈ ಎರಡು ದಿನ ಹೇಳಿಲ್ಲ."

"ನನ್ನವು ಇಪ್ಪತ್ತಾರು ಅದಾವ್ರಿ," ಎಂದರು ಅವರು. ಬೈದಿದ್ದರೆ ಸುಲಭವಾಗುತ್ತಿತ್ತು. "ಈ ಮನ್ಯಾಗ ನಂದು ಅಂತ ಅನ್ನಾಕ ಅವು ಇಪ್ಪತ್ತಾರ ಅದಾವ. ಎಲ್ಲಾ ಒಂದಾ ಗೂಡಿನ್ಯಾಗ ಮೂರು ರಾತ್ರಿ ಮಲಗ್ಯಾವ."

ಫೋನ್ ಕಟ್ಟಾಯಿತು.

ಅದಾದ ಮೇಲೆ ಡಾಕ್ಟರ್ ಮೇಡಂಗೆ ಮಾಡಿದೆ. ಸುಳ್ಳು ಹೇಳಿದ್ದನ್ನು ಹೇಳಿದೆ.

"ನಿನ್ನಿ ಕೇಳಿದ್ದೆ ನಾ," ಎಂದರು.

"ಹೌದ್ರಿ."

"ನಿನ್ನಿ ಹೇಳಿದ್ರ ಒಂದು ದಿನ ಸಿಗ್ತಿತ್ತು." ಅಷ್ಟೇ ಅಂದರು. ಲಿಂಗಸುಗೂರು ಕಡೆಯ ಡಾಕ್ಟರಿಗೆ ತಾವೇ ಹೇಳುತ್ತೇನೆಂದು ಊರಿನ ಹೆಸರು, ಮನೆಯ ಗುರುತು ಬರೆದುಕೊಂಡರು.

ಸಂಜೆ ಐದಕ್ಕೆ ಬೀಗತಿಯೇ ಫೋನ್ ಮಾಡಿದರು. ಮಗಳನ್ನು ದೂರ ಕೂರಿಸಿ ಅಳಿಯ ವಿಡಿಯೋ ಹಿಡಿದಿದ್ದ. ಅವರು ನನ್ನನ್ನು ನೋಡಲಿಲ್ಲ, ಕಂಕುಳಲ್ಲಿದ್ದ ಕೋಳಿಯನ್ನೇ ನೋಡುತ್ತಿದ್ದರು.

"ಯಾವುದು ಚಲೋ, ಯಾವುದು ಕೆಟ್ಟಿದ್ದು, ಹ್ಯಾಂಗ ತಿಳೀಬೇಕು? ಹೇಳ್ರಿ."

"ಮೊದಲ ಮೂಗು ನೋಡ್ರಿ. ಹಿಟ್ಟು ಅಂಟಿತ್ತಂದ್ರ ಒಂದು ಕಡಿ ಹಾಕ್ರಿ. ಅಂಟಿಲ್ಲಂದ್ರ ಬೆನ್ನು ಕಿವಿಗೆ ಹಚ್ಚಿ ಹಿಡೀರಿ. ಗೊರಗುಟ್ಟಿದ್ರ ಅದೂ ಆ ಕಡಿ. ಕಣ್ಣಿನ ಬಗ್ಗಿ ಅನುಮಾನ ಇತ್ತಂದ್ರ ಅದೂ ಆ ಕಡಿನ."

ಅವರು ಒಂದೊಂದನ್ನೇ ಕಿವಿಗೆ ಹಿಡಿದರು. ನನಗೆ ಕೇಳುತ್ತಿರಲಿಲ್ಲ, ಅವರ ಮುಖ ನೋಡಿ ತಿಳಿದುಕೊಳ್ಳುತ್ತಿದ್ದೆ. ಒಂಬತ್ತು ಬೇರೆಯಾದವು. ಅವನ್ನು ಇಡಲು ಜಾಗವಿರಲಿಲ್ಲ. ಕುಬಸದ ಅಕ್ಕಿ, ಬೆಲ್ಲ, ಎಲೆಯ ಕಟ್ಟು ಇಟ್ಟಿದ್ದ ಹಿತ್ತಲ ಕೋಣೆಯನ್ನು ಖಾಲಿ ಮಾಡಿಸಿದರು.

"ಅವ್ವಾ, ಅಡಿಗಿಯವರು ಬಂದ್ರ ಸಾಮಾನು ಎಲ್ಲಿಡೋದು?" ಎಂದ ಅಳಿಯ.

"ನಿನ್ನ ತಲಿ ಮ್ಯಾಲ ಇಡು. ಫೋನ್ ಸರಿಯಾಗಿ ಹಿಡಿ," ಎಂದರು.

ಶುಕ್ರವಾರ ಅಲ್ಲಿನ ಡಾಕ್ಟರು ಬಂದು ಔಷಧ ಕೊಟ್ಟರಂತೆ. ಆದರೂ ಶನಿವಾರದ ಹೊತ್ತಿಗೆ ಬೀಗತಿಯ ಮೂರು ಕೋಳಿ ಸತ್ತವು. ನನ್ನವು ಏಳು. ಉಳಿದವು ಕಣ್ಣು ತೆರೆಯತೊಡಗಿದವು. ಬೆಳಗಿನ ಕತ್ತಲಲ್ಲಿ ನಿಂತು ಎಣಿಸಿದರೆ ಸೀನು ಎಂಟಕ್ಕೆ ಇಳಿದಿತ್ತು. ನನಗೆ ಸ್ವಲ್ಪ ಉಸಿರು ಬಂತು. ಅವತ್ತೇ ಮಧ್ಯಾಹ್ನ ಮೇಡಂ ಫೋನ್ ಮಾಡಿ ಲ್ಯಾಬಿನ ಮಾತು ಹೇಳಿದರು. ಕೊರೈಜಾ ಪಕ್ಕಾ ಆಗಿತ್ತು.

"ಚೇತರಿಸಿಕೊಳ್ಳಾಕತ್ತಾವ್ರಿ ಮೇಡಂ," ಎಂದೆ.

"ಚೇತರಿಸಿಕೊಂಡಂಗ ಕಾಣ್ತಾವ ಅಕ್ಕಾರ. ಕಣ್ಣು ತೆರೀತಾವ, ಮೊಟ್ಟಿನೂ ಇಡ್ತಾವ. ಆದ್ರ ಬ್ಯಾನಿ ಒಳಗ ಇಟಗೊಂಡಿರ್ತಾವ. ಹೊಸ ಕೋಳಿ ಹಂತೇಕ ಬಂದ್ರ ಅದಕ್ಕ ಕೊಡ್ತಾವ. ಇವು ಜೀವ ಇರೋತನಾ ಇನ್ನೊಬ್ಬರ ಮನಿಗಿ ಹೋಗಂಗಿಲ್ಲ, ಇನ್ನೊಂದು ಇವುರಾಗ ಬರಂಗಿಲ್ಲ. ಔಷಧದ ಅಂಶ ಮೈಯಾಗಿಂದ ಹೋಗೋ ದಿನ ದಾಟಿದ ಮ್ಯಾಲೆ ಎಲ್ಲಾ ಒಮ್ಮಿಗೇ ಕೊಯ್ದು ತೀರಿಸಿ, ಶೆಡ್ಡು ತೊಳದು ಖಾಲಿ ಬಿಡೋದು ಚಲೋ. ಅರ್ಧ ಇಟಗೊಂಡು ಅರ್ಧ ತೀರಿಸಿದ್ರ ಉಪಯೋಗಿಲ್ಲ."

ಫೋನ್ ಇಟ್ಟು ಬಲೆಯ ಒಳಗೆ ನೋಡಿದೆ. ಎರಡು ಕೋಳಿ ಹೊಟ್ಟು ಕೆದರುತ್ತಿದ್ದವು. ಒಂದು ಬಿಸಿಲಿಗೆ ರೆಕ್ಕೆ ಹರಡಿ ಮಲಗಿತ್ತು. ಅವುಗಳ ಜೊತೆ ನಾನೂ ಒಳಗಿದ್ದೆ, ನನಗಾದರೂ ಒಂದು ದಿನ ಬಾಗಿಲು ತೆರೆಯುವುದಿತ್ತು.

ಭಾನುವಾರ ಯಜಮಾನರು ಮನೆಯಲ್ಲಿ ಸ್ನಾನ ಮಾಡಿ, ಹೊಸ ಧೋತರ ಉಟ್ಟು, ಸೀರೆ, ಬಳೆ, ಅರಿಶಿನ ಕುಂಕುಮ ಹಿಡಿದು ಲಿಂಗಸುಗೂರಿಗೆ ಹೋದರು. ಶೆಡ್ಡಿನ ಕಡೆ ಬರದೆ ರಸ್ತೆಯಿಂದಲೇ ಕೈ ಎತ್ತಿದರು. ನಾನು ಎಂದಿನಂತೆ ತಟ್ಟೆ ತೊಳೆದೆ, ಔಷಧ ಅಳೆದೆ, ಮೊಟ್ಟೆ ಕುಣಿಗೆ ಹಾಕಿದೆ. ಹನ್ನೊಂದಕ್ಕೆ ಮಗಳು ಹಸಿರು ಸೀರೆಯಲ್ಲಿ ಕೂತದ್ದನ್ನು ಫೋನಿನಲ್ಲಿ ನೋಡಿದೆ. ಯಾರೋ ಆರತಿ ಹಾಡುತ್ತಿದ್ದರು. ತಾಯಿ ಉಡಿ ತುಂಬುವ ಹೊತ್ತಿಗೆ ನನ್ನ ತಂಗಿ ತುಂಬಿದಳು. ಚಿತ್ರದಲ್ಲಿ ಎಲ್ಲರೂ ಬಂದು ಹೋದರು, ಬೀಗತಿ ಕಾಣಲಿಲ್ಲ.

ಸಂಜೆ ಯಜಮಾನರು ಬಂದು ಕಲ್ಲಿನ ಮೇಲೆ ಡಬ್ಬಿ ಇಟ್ಟರು.

"ನನ್ನ ಕೂಡ ಮಾತಾಡ್ಲಿಲ್ಲ ಆಕಿ," ಎಂದರು. "ಕೋಳಿ ಕೋಣಿಯಿಂದ ಹೊರಗ ಬಂದಿದ್ದ ಕಮ್ಮಿ. ಆದ್ರ ಬುತ್ತಿ ಬ್ಯಾರೆಯವರಿಗೆ ಕಟ್ಟಾಕ ಬಿಡಲಿಲ್ಲ. ಜಳಕ ಮಾಡಿ ಬಂದು ತಾನ ಕಟ್ಯಾಳ."

ಡಬ್ಬಿ ತೆರೆಯುವ ಮುಂಚೆ ಫೋನ್ ಬಂತು. ಬೀಗತಿ.

"ನಾಳಿ ಔಷಧ ಅಷ್ಟಾನ ಹಾಕೋದೇನ್ರಿ, ಇಲ್ಲ ಕಮ್ಮಿ ಮಾಡೋದೋ?"

"ಡಾಕ್ಟ್ರು ಹೇಳಿದಷ್ಟು ದಿನ ಅಷ್ಟಾನ ಹಾಕ್ರಿ ಅಕ್ಕಾರ. ಆರಾಮ ಕಂಡಾವಂತ ನಡುವ ಬಿಡಬ್ಯಾಡ್ರಿ."

"ಆರಾಮ ಆದ ಮ್ಯಾಲ ಅಂಗಳಕ್ಕ ಬಿಡಬಹುದಲ್ಲ?"

ಇದನ್ನು ಹೇಳದೆ ಒಂದು ದಿನ ಕಳೆದಿದ್ದೆ. ಕುಬಸದ ಹಿಂದಿನ ದಿನ ಬೇಡವೆಂದು ನನಗೆ ನಾನೇ ಹೇಳಿಕೊಂಡಿದ್ದೆ. ಈಗ ಮೇಡಂ ಹೇಳಿದ್ದನ್ನು ಒಂದು ಮಾತೂ ಬಿಡದೆ ಹೇಳಿದೆ. ಅಂಗಳಕ್ಕೆ ಬಿಟ್ಟರೆ ಓಣಿಗೆ ಹೋಗುತ್ತದೆ, ಒಂದನ್ನೂ ಇಟ್ಟುಕೊಳ್ಳುವಂತಿಲ್ಲ, ಹುಂಜವನ್ನೂ ಇಟ್ಟುಕೊಳ್ಳುವಂತಿಲ್ಲ ಎಂದು.

ಅವರು ಅಳುತ್ತಿದ್ದರೋ ಇಲ್ಲವೋ ತಿಳಿಯಲಿಲ್ಲ. ಮೂಗೊರೆಸಿಕೊಂಡ ಸದ್ದಾಯಿತು.

"ನೀವು ನಿಮ್ಮವು ಯಾವಾಗ ತೀರಿಸೋರು?"

"ಔಷಧದ ದಿನ ದಾಟಿದ ಮ್ಯಾಲ. ಇನ್ನ ಎರಡು ವಾರ ಆದೀತು."

"ದಿನ ನೋಡಿ ಹೇಳ್ರಿ," ಎಂದರು. "ನಾನೂ ಅವತ್ತಾ ತೀರಿಸ್ತೀನಿ. ನಾ ಒಬ್ಬಾಕೀನ ಇಲ್ಲಿ ಕುಂತು ಅದನ್ನ ಮಾಡಂಗಿಲ್ಲ. ಫೋನ್ ಹಚ್ಚಿಟ್ಟು ಇಬ್ಬರೂ ಕೂಡೇ ಮಾಡೋಣು."

ಹೂಂ ಎಂದೆ.

"ಬುತ್ತಿ ಉಣ್ರಿ, ಆರ್ಯಾವು," ಎಂದು ಫೋನ್ ಇಟ್ಟರು.

ಡಬ್ಬಿಯಲ್ಲಿ ಎರಡು ಶೇಂಗಾ ಹೋಳಿಗೆ, ಪುಂಡಿಪಲ್ಯ, ಕಟಕು ರೊಟ್ಟಿ, ಮೊಸರನ್ನ ಇತ್ತು. ಹೋಳಿಗೆ ಒಂದು ತಿಂದೆ, ಒಂದನ್ನು ಬೆಳಿಗ್ಗೆಗೆ ಇಟ್ಟೆ. ಯಜಮಾನರು ಉಂಡೇ ಬಂದಿದ್ದರು. ಬೇಲಿಯ ಆಚೆ ಹೊರಸು ಹಾಕಿಕೊಂಡು, ಮಗಳಿಗೆ ಬಳೆ ಎಷ್ಟು ಡಜನ್ ಇಟ್ಟರು ಎಂದು ಹೇಳುತ್ತಿದ್ದವರು ಮಾತಿನ ಮಧ್ಯದಲ್ಲೇ ನಿದ್ದೆ ಹೋದರು. ಕೋಳಿಗಳು ಇನ್ನೂ ಬಿದಿರಿನ ಮೇಲೆ ಜಾಗಕ್ಕೆ ಒತ್ತಾಡುತ್ತಿದ್ದವು.